ಕಾಕಾ ಮಾತು ಶುರು ಮಾಡಿದ್ದು

ದೀಪಾವಳಿ ಮುಗಿದ ಮರುವಾರ, ಗಡಿಯಾಚೆ ಮಹಾರಾಷ್ಟ್ರದ ಮಾಡಗ್ಯಾಳದಲ್ಲಿ ನಮ್ಮ ಕಾಕಾ ಮಾತಾಡಲು ಶುರು ಮಾಡಿದರು. ಅವರ ಬಾಯಿ ಇರುವುದು ಎಲೆ-ಅಡಿಕೆಗೆ ಮಾತ್ರ ಎಂದು ಅಲ್ಲಿಯವರೆಗೆ ನಾವೆಲ್ಲ ನಂಬಿದ್ದೆವು! ಕುರಿ ದಲಾಲಿ ಅವರ ಕಸುಬು. ಸಂತೆಯಲ್ಲಿ ಟುವಾಲಿನ ಕೆಳಗೆ ಕೈ ಹಿಡಿದು, ಬೆರಳು ಒತ್ತಿ ಗುಟ್ಟಾಗಿ ದರ ಹೇಳುವ ವ್ಯವಹಾರ. ಅದರಲ್ಲಿ ಮಾತಿಗೇನು ಕೆಲಸ?

ಕಾರಣ ಮೊಮ್ಮಗಳು. ಮೂರು ವರ್ಷ ತುಂಬಿದರೂ ಒಂದು ಮಾತು ಆಡಿರಲಿಲ್ಲ. ಕಿವಿ ಸರಿಯಿತ್ತು. ಮಾಡುವ ಕೆಲಸವನ್ನೆಲ್ಲ ಕೂಸಿಗೆ ಸಣ್ಣ ಮಾತಿನಲ್ಲಿ ಹೇಳುತ್ತ ಮಾಡಿ ಎಂದರು, ಮಾತು ಕಲಿಸುವ ವಿಜಯಪುರದ ಡಾಕ್ಟರಬಾಯಿ. ಅಂಗನವಾಡಿಯಲ್ಲಿ ಮರಾಠಿ, ಮನೆಯಲ್ಲಿ ಕನ್ನಡ, ಯಾವುದರಲ್ಲಿ ಹೇಳುವುದು ಎಂದು ಸೊಸೆ ಗೊಂದಲಕ್ಕೆ ಬಿದ್ದಳು. ಮನೆಯದೇ ಸಾಕು ಎಂಬ ಉತ್ತರ ಬಂತು.

ಕಾಕಾ ಚಾಚೂ ತಪ್ಪದೆ ಪಾಲಿಸಿದರು. ಮೀಸೆ ತೀಡುವುದು, ಚಪ್ಪಲಿ ಮೆಟ್ಟುವುದು, ಎಲ್ಲಕ್ಕೂ ವರದಿ! ಅನಾಹುತವಾದದ್ದು ಸಂತೆಯಲ್ಲಿ. ಹೆಗಲ ಮೇಲೆ ಮೊಮ್ಮಗಳು, ಟುವಾಲಿನ ಕೆಳಗೆ ಕೈ.

"ನೋಡವ್ವ, ಅಜ್ಜ ಇವರ ಎರಡ ಬೆರಳ ಹಿಡದಾನ. ಈಗ ಇನ್ನೊಂದ ಹಿಡದಾನ."

ಸುತ್ತ ನಿಂತವರಿಗೆಲ್ಲ ದರ ತಿಳಿಯಿತು. ಕುರಿ ತಂದವನು ಕೈ ಕೊಸರಿಕೊಂಡು ಹೋದ.

"ದಲಾಲ್ರ, ಟುವಾಲ ಯಾಕ ತಂದ್ರಿ? ಮೈಕ್ ತರಬೇಕಿತ್ತಲ್ರಿ" ಎಂದ ಸಂಖ ಊರಿನ ವ್ಯಾಪಾರಿ.

ಮುಂದಿನ ಭೇಟಿಯಲ್ಲಿ ಡಾಕ್ಟರಬಾಯಿ, ಎರಡು ವಸ್ತು ತೋರಿಸಿ ಯಾವುದು ಬೇಕೆಂದು ಕೇಳಿ, ಆಮೇಲೆ ಸುಮ್ಮನೆ ಕಾಯಿರಿ ಎಂದರು. ಕಾಕಾ ಕಂಗಾಲಾದರು.

"ಮಾತಾಡ್ರಿ ಅಂದವ್ರೂ ನೀವ, ಸುಮ್ನಿರ್ರಿ ಅನ್ನವ್ರೂ ನೀವ. ನಾ ಏನ ಮಾಡ್ಲಿರಿ?"

"ಕೂಸಿನ ಮಾತಿಗೂ ಜಾಗಾ ಬಿಡ್ರಿ, ಅಜ್ಜಾರ."

ಮನೆಗೆ ಬಂದವರೇ ಕಾಕಿಯನ್ನು ರೊಟ್ಟಿ ಬೇಕೋ, ಅನ್ನ ಬೇಕೋ ಎಂದು ಕೇಳಿ, ಮುಖ ನೋಡುತ್ತ ಕೂತರಂತೆ. ಎರಡನ್ನೂ ಮಾಡಬೇಕಾದವಳು ತಾನೇ ಆದ್ದರಿಂದ ಕಾಕಿ ಎದ್ದು ಹೋಗಿ ಒಲೆ ಹಚ್ಚಿದಳಂತೆ.

ಇದರಿಂದೆಲ್ಲ ಗುಣ ಬರುತ್ತಿದೆಯೋ ಇಲ್ಲವೋ ಯಾರಿಗೂ ಗೊತ್ತಾಗಲಿಲ್ಲ. ಒಂದು ಸಂಜೆ ಕಾಕಾ ನನ್ನನ್ನು ಪಕ್ಕಕ್ಕೆ ಕರೆದರು. "ನಾ ಇಷ್ಟ ದಿನ ಸುಮ್ನಿದ್ದದ್ದ ನೋಡೇ ಅದು ಹಿಂಗ ಆತೇನಪಾ?" ಹಾಗೆ ಆಗುವುದಿಲ್ಲವಂತೆ ಎಂದೆ. ಅವರು ನಂಬಿದಂತೆ ಕಾಣಲಿಲ್ಲ.

ಮೊನ್ನೆ ರವಿವಾರ ನಾನು ಅಲ್ಲೇ ಇದ್ದೆ. ತಾಯಿ ಸತ್ತ ಕುರಿಮರಿಯೊಂದಕ್ಕೆ ಬಾಟಲಿಯಲ್ಲಿ ಹಾಲು ಹಾಕುವುದಿತ್ತು. ಬಾಟಲಿ ಮೊಮ್ಮಗಳ ಕೈಯಲ್ಲಿತ್ತು.

"ಕುಡಿ" ಎಂದಳು.

ಆಮೇಲೆ ಬಾಯಿ ಮುಚ್ಚಿ, ಮರಿಯ ಮುಖ ನೋಡುತ್ತ ಕಾದಳು. ಪಕ್ಕದಲ್ಲಿ ಕುಕ್ಕರಗಾಲಲ್ಲಿ ಕೂತಿದ್ದ ಕಾಕಾ ಕಣ್ಣೊರೆಸಿಕೊಂಡರು, ಮಾತಾಡಲಿಲ್ಲ.

ಮರಿ ಕುಡಿಯಿತು.