ಮೂವತ್ತು ಅಡಿಯ ಹಾಯಿದೋಣಿಯೂ ನಮ್ಮ ಅಡುಗೆಮನೆಯೂ

ಈಜು ಬಾರದವನು ಹಾಯಿದೋಣಿಯ ಮೇಲೆ ಆಸೆ ಪಡಬಾರದು ಎಂದು ಎಲ್ಲೂ ಕಾನೂನಿಲ್ಲ. ಇದ್ದಿದ್ದರೆ ನಾನು ಯಾವತ್ತೋ ಒಳಗೆ ಹೋಗಿರಬೇಕಿತ್ತು. ನನಗೆ ಮೊಣಕಾಲು ಮುಳುಗುವಷ್ಟು ನೀರು ಕಂಡರೂ ಎದೆ ಢವಢವ ಅನ್ನುತ್ತದೆ. ಸಮುದ್ರವನ್ನಂತೂ ಕ್ಯಾಲೆಂಡರಿನಲ್ಲಿ ಬಿಟ್ಟರೆ ಬೇರೆಲ್ಲೂ ನೋಡಿಲ್ಲ. ಅಂಥವನು ಎಪ್ಪತ್ತರ ದಶಕದ ಕೊನೆಯಲ್ಲಿ, ಕಡಲಿನ ಸುಳಿವೇ ಇಲ್ಲದ ತುಮಕೂರಿನಲ್ಲಿ ಕೂತು, ಒಂದು ಹಾಯಿದೋಣಿಯನ್ನು ಮೋಹಿಸಿದೆ. ಆ ಮೋಹದಲ್ಲಿ ನಾನೊಬ್ಬನೇ ಮುಳುಗಿದ್ದರೆ ಚಿಂತೆಯಿರಲಿಲ್ಲ. ಹೆಂಡತಿಯ ಅಡುಗೆಮನೆಯನ್ನೂ ಜೊತೆಗೆ ಎಳೆದುಕೊಂಡೆ.

ಆಗ ನನಗೆ ಒಂದು ಸರ್ಕಾರಿ ಕಚೇರಿಯಲ್ಲಿ ನಕ್ಷೆಗಳನ್ನು ಟ್ರೇಸ್ ಮಾಡುವ ಕೆಲಸ. ಬೇರೆಯವರು ಎಳೆದ ಗೆರೆಯ ಮೇಲೆ ಗೆರೆ ಎಳೆಯುತ್ತಾ ಹದಿನಾಲ್ಕು ವರ್ಷ ಕಳೆದಿದ್ದೆ. ಮೋರಿ, ಸೇತುವೆ, ಮೋರಿ, ಮತ್ತೆ ಮೋರಿ. ಒಂದು ಸಂಜೆ ಶಿರಾ ಗೇಟಿನ ರದ್ದಿ ಅಂಗಡಿಯಲ್ಲಿ, ಯಾವ ದೊರೆಯ ಬಂಗಲೆಯಿಂದ ಬಂದಿತ್ತೋ ಏನೋ, ಒಂದು ಇಂಗ್ಲಿಷ್ ಪತ್ರಿಕೆ ಸಿಕ್ಕಿತು. ಮಧ್ಯದ ಎರಡು ಪುಟದ ತುಂಬ ಒಂದು ಹಾಯಿದೋಣಿಯ ನಕ್ಷೆ. ಮೇಲಿಂದ ನೋಡಿದ್ದು, ಪಕ್ಕದಿಂದ ನೋಡಿದ್ದು, ನಡುವೆ ಸೀಳಿ ನೋಡಿದ್ದು. ಅಬ್ಬಾ, ಎಂಥ ಗೆರೆಗಳು! ಮೂತಿಯಿಂದ ಬಾಲದವರೆಗೆ ಒಂದೇ ಒಂದು ನೆಟ್ಟನೆಯ ಗೆರೆಯಿಲ್ಲ. ಸ್ಕೇಲು ಹಿಡಿದೇ ಬದುಕಿದ್ದ ನನಗೆ ಕಣ್ಣಲ್ಲಿ ನೀರು ಬಂತು, ಸುಳ್ಳಲ್ಲ.

ಅದಕ್ಕೆ ರೇಸರ್-ಕ್ರೂಸರ್ ಎಂದು ಹೆಸರು. ಶನಿವಾರ ಪಂದ್ಯದಲ್ಲಿ ಓಡಿ ಗೆಲ್ಲಬೇಕು, ಭಾನುವಾರ ಹೆಂಡತಿ ಮಕ್ಕಳನ್ನು ಕೂರಿಸಿಕೊಂಡು ನಿಧಾನವಾಗಿ ತಿರುಗಾಡಿಸಬೇಕು. ಎರಡೂ ಒಂದರಲ್ಲೇ. ಹೊಟ್ಟೆಯ ಕೆಳಗೆ ಮೀನಿನ ರೆಕ್ಕೆಯಂಥದೊಂದು ಇಳಿಬಿದ್ದಿತ್ತು. ಅದರ ತುಂಬ ಸೀಸ. ಗಾಳಿ ಎಷ್ಟೇ ವಾಲಿಸಿದರೂ ಆ ಭಾರ ದೋಣಿಯನ್ನು ಮತ್ತೆ ನೆಟ್ಟಗೆ ನಿಲ್ಲಿಸುತ್ತದಂತೆ. ಮೇಲೆ ಒಂದು ಎತ್ತರದ ಕಂಬ, ಅದಕ್ಕೆ ಹಿಂದೊಂದು ದೊಡ್ಡ ಹಾಯಿ, ಮುಂದೊಂದು ಚಿಕ್ಕದು. ಒಳಗೆ ಆರು ಜನಕ್ಕೆ ಮಲಗುವ ಬರ್ತು, ಮಡಚುವ ಮೇಜು, ನಿಂತಲ್ಲಿಂದ ಕದಲದೆ ಎಲ್ಲಕ್ಕೂ ಕೈ ಎಟುಕುವ ಅಡುಗೆಮನೆ. ಒಲೆಯನ್ನು ತೊಟ್ಟಿಲ ಹಾಗೆ ತೂಗುಹಾಕಿರುತ್ತಾರೆ. ದೋಣಿ ಯಾವ ಕಡೆ ವಾಲಿದರೂ ಪಾತ್ರೆ ಮಟ್ಟವಾಗಿಯೇ ಇರುತ್ತದೆ. ಕಚೇರಿ ಕೆಲಸದ ಮೇಲೆ ಕುಣಿಗಲ್ಲಿಗೆ ಹೋದಾಗೆಲ್ಲ ಕೆಲಸ ಮುಗಿಸಿ ಕೆರೆ ಏರಿಯ ಮೇಲೆ, ನೀರಿನಿಂದ ಸಾಕಷ್ಟು ದೂರದಲ್ಲಿ, ಕೂರುತ್ತಿದ್ದೆ. ಸಂಜೆಯ ಗಾಳಿಗೆ ನೀರು ನಡುಗುತ್ತಿತ್ತು. ಕಣ್ಣು ಅರ್ಧ ಮುಚ್ಚಿದರೆ ಸಾಕು, ಬಿಳಿ ಹಾಯಿ ಬಿಚ್ಚಿಕೊಂಡು ನನ್ನ ದೋಣಿ ಸದ್ದಿಲ್ಲದೆ ಸಾಗುತ್ತಿತ್ತು. ಎಷ್ಟು ಸಲ ಕೊನೆ ಬಸ್ಸು ತಪ್ಪಿಸಿಕೊಂಡೆನೋ ಲೆಕ್ಕವಿಲ್ಲ.

ಇಷ್ಟಕ್ಕೇ ನಿಲ್ಲಬಹುದಿತ್ತು. ಆದರೆ ಅದೇ ವರ್ಷ ನಾವು ಮನೆ ಕಟ್ಟಲು ಹೊರಟೆವು. ನಮ್ಮ ಸೈಟಿನ ಉದ್ದ ಮೂವತ್ತು ಅಡಿ. ಪತ್ರಿಕೆಯ ದೋಣಿಯ ಉದ್ದವೂ ಮೂವತ್ತು ಅಡಿ. ಇದನ್ನು ದೈವಸಂಕಲ್ಪ ಅನ್ನದೆ ಇನ್ನೇನು ಅನ್ನಲಿ? ದೋಣಿಯ ಒಳಮನೆಯನ್ನು ಹಾಗೆಯೇ ಟ್ರೇಸ್ ಮಾಡಿ ನಮ್ಮ ಮನೆಯ ಪ್ಲಾನು ಎಂದು ಶಾರದೆಯ ಮುಂದಿಟ್ಟೆ.

ಶಾರದೆ ನನ್ನ ಹೆಂಡತಿ, ಗುಬ್ಬಿಯವಳು. ಮದುವೆಯಾಗಿ ಒಂಬತ್ತು ವರ್ಷ ವಠಾರದ ಒಂದೇ ಕೋಣೆಯಲ್ಲಿ, ಹಳೇ ಸೀರೆಯ ಪರದೆಯ ಹಿಂದೆ ಅಡುಗೆ ಮಾಡಿದವಳು. ಒಡವೆ ಕೇಳಲಿಲ್ಲ, ಸಿನಿಮಾ ಕೇಳಲಿಲ್ಲ. ಅವಳು ಕೇಳಿದ್ದು ಒಂದೇ, ಅವಳಮ್ಮ ಗುಬ್ಬಿಯಿಂದ ಬಂದರೆ ಗೋಡೆಗೊರಗಿ ಕೂತು ಈಳಿಗೆಮಣೆಯಲ್ಲಿ ಹುರುಳೀಕಾಯಿ ಹೆಚ್ಚುತ್ತಾ ಮಾತಾಡುವಷ್ಟು ಜಾಗದ ಒಂದು ಅಡುಗೆಮನೆ.

"ರೀ, ಇದ್ರಲ್ಲಿ ನಮ್ಮಮ್ಮ ಎಲ್ಲಿ ಕೂತ್ಕೋತಾರೆ?" ಅಂದಳು.

"ಇದ್ರಲ್ಲಿ ಕೂರೋ ಅಗತ್ಯನೇ ಇಲ್ಲ ಕಣೇ. ನಿಂತಲ್ಲೇ ಎಲ್ಲಾ ಕೈಗೆ ಸಿಗುತ್ತೆ. ಬಿರುಗಾಳಿ ಬಂದ್ರೂ ಸಾರು ತುಳುಕಲ್ಲ."

"ತುಮಕೂರಲ್ಲಿ ಯಾವಾಗ್ರೀ ಸಾರು ತುಳುಕೋ ಬಿರುಗಾಳಿ ಬಂದಿತ್ತು?"

ನಾನು ನಕ್ಷೆಯನ್ನು ಸುರುಳಿ ಸುತ್ತಿಟ್ಟೆ. ಅವಳು ಎದ್ದು ಪರದೆಯ ಹಿಂದೆ ಅಡುಗೆಗೆ ಹೋದಳು. ಅವಳು ಒಪ್ಪಿದಳು ಎಂದೇ ನಾನು ತಿಳಿದೆ. ಗಂಡಸರು ಹೀಗೆ ತಿಳಿಯುವುದರಲ್ಲಿ ಬಲು ಚುರುಕು.

ಮರಗೆಲಸಕ್ಕೆ ಬಂದವರು ಖಾದರ್ ಸಾಬರು. ಶಿರಾ ಗೇಟಿನಲ್ಲಿ ಅವರ ಕೈಯ ಬಾಗಿಲು ಅಂದರೆ ಜನ ಎರಡು ಸಲ ಮುಟ್ಟಿ ನೋಡುತ್ತಿದ್ದರು. ನಕ್ಷೆಯನ್ನು ಅತ್ತ ತಿರುಗಿಸಿ, ಇತ್ತ ತಿರುಗಿಸಿ, "ಸಾರ್, ಇದು ಮನೇನೋ ಇಲ್ಲಾ ರೈಲ್ ಡಬ್ಬಿನೋ?" ಎಂದರು. ನಾನು ಸೀಸ, ಹಾಯಿ, ಗಾಳಿ ಎಲ್ಲವನ್ನೂ ಒಂದು ಗಂಟೆ ವಿವರಿಸಿದೆ. ಅವರು ಬೀಡಿ ಆರಿಸಿ, "ಆಯ್ತು ಬುಡಿ ಸಾರ್, ನೀವ್ ಗೆರೆ ಹಾಕ್ಕೊಡಿ, ನಾನ್ ಮಾಡ್ತೀನಿ" ಎಂದರು. ಮಾಡಿದರು ಕೂಡ. ನಡುಮನೆಯ ಎರಡೂ ಪಕ್ಕ ಗೋಡೆಗೆ ಸೇರಿಸಿ ಬರ್ತುಗಳು, ಅವುಗಳ ನಡುವೆ ಎರಡೂವರೆ ಅಡಿಯ ಓಣಿ, ಓಣಿಯ ತುದಿಗೆ ಹಲಗೆಯ ಗೋಡೆ, ಆ ಗೋಡೆಯಲ್ಲಿ ಒಬ್ಬರು ಅಡ್ಡಡ್ಡ ತೂರುವಷ್ಟು ಬಾಗಿಲು, ಅದರಾಚೆ ಶಾರದೆಯ ಅಡುಗೆಗೂಡು. ಕಬ್ಬಿಣದ ಬಳೆಯೊಳಗೆ ತೂಗುವ ಸೀಮೆಎಣ್ಣೆ ಸ್ಟೌ. ಹಿತ್ತಿಲ ಬಾಗಿಲಿಲ್ಲ. ದೋಣಿಗೆ ಎಲ್ಲಾದರೂ ಹಿತ್ತಿಲಿರುತ್ತದೆಯೇ?

ಗೃಹಪ್ರವೇಶದ ದಿನ ಬಂತು. ನಮ್ಮಲ್ಲಿ ಹೊಸ ಮನೆಗೆ ಮೊದಲು ಹಸು ಹೋಗಬೇಕು, ಆಮೇಲೆ ಮನೆಯೊಡತಿ ಹಾಲು ಉಕ್ಕಿಸಬೇಕು. ಜಗತ್ತಿನ ಯಾವ ಹಾಯಿದೋಣಿಯ ವಿನ್ಯಾಸಕಾರನೂ ಹಸುವನ್ನು ಲೆಕ್ಕಕ್ಕೆ ತೆಗೆದುಕೊಂಡಿರಲಿಕ್ಕಿಲ್ಲ. ನಾನೂ ತೆಗೆದುಕೊಂಡಿರಲಿಲ್ಲ. ಹೆಬ್ಬೂರಿನಿಂದ ನೆಂಟರು ಹೊಡೆದುಕೊಂಡು ಬಂದಿದ್ದ ಹಸು ದಷ್ಟಪುಷ್ಟವಾಗಿತ್ತು. ಘಳಿಗೆ ಮೀರೀತೆಂದು ಶಾರದೆ ಒಲೆ ಹಚ್ಚಲು ಹಸುವಿಗಿಂತ ಮೊದಲೇ ಒಳಗೆ ಹೋಗಿದ್ದಳು. ಹಸು ಅವಳ ಹಿಂದೆಯೇ ಓಣಿಗೆ ನುಗ್ಗಿತು, ನಾಲ್ಕು ಹೆಜ್ಜೆ ಹೋಯಿತು, ನಿಂತಿತು. ಹೊಟ್ಟೆಯ ಎರಡೂ ಪಕ್ಕ ಬರ್ತು, ಮೂತಿಗೆ ಹಲಗೆಗೋಡೆ. ತಿರುಗಲು ಜಾಗವಿಲ್ಲ, ಹಿಂದೆ ಬರಲು ಮನಸ್ಸಿಲ್ಲ.

ಒಲೆಯೂ ಶಾರದೆಯೂ ಹಸುವಿನ ಆಚೆ. ಹಾಲಿನ ಚೊಂಬು ಹಿಡಿದ ಅತ್ತೆ, ಪೂಜೆಗೆ ಬಂದಿದ್ದ ಅಯ್ಯನವರು, ಅರ್ಧ ಬೀದಿ ಜನ ಈಚೆ. "ಇನ್ ಹತ್ತೇ ನಿಮಿಷ ಇರೋದು ಒಳ್ಳೆ ಘಳಿಗೆ!" ಎಂದು ಅಯ್ಯನವರು ಕೂಗಿದರು. "ಅಯ್ಯೋ ನನ್ ಮಗಳು ಒಬ್ಳೇ ಒಳಗವ್ಳಲ್ಲಪ್ಪಾ" ಎಂದು ಅತ್ತೆ ಅಳತೊಡಗಿದರು. ನಾನು ಬಾಲದ ಬಳಿ ನಿಂತು ಬೆವರುತ್ತಿದ್ದೆ. ಒಂಬತ್ತು ವರ್ಷ ಕಾದವಳ ಆ ಹತ್ತು ನಿಮಿಷವನ್ನೂ ನಾನೇ ಕಿತ್ತುಕೊಂಡೆನಲ್ಲ! ನಾಚಿಕೆಯಿಂದ ತಲೆ ಎತ್ತಲಾಗಲಿಲ್ಲ.

ಆಗ ಒಳಗಿನಿಂದ ಶಾರದೆಯ ದನಿ, ಸ್ವಲ್ಪವೂ ಗಾಬರಿಯಿಲ್ಲದೆ ಕೇಳಿತು. "ಖಾದರ್ ಸಾಬ್ರೇ, ಗೋಡೆ ಬಿಚ್ರಿ."

ಖಾದರ್ ಸಾಬರು ಬರ್ತಿನ ಮೇಲೆ ಹತ್ತಿ, ಹಸುವನ್ನು ದಾಟಿ, ಜೇಬಿನಿಂದ ಸ್ಕ್ರೂಡ್ರೈವರ್ ತೆಗೆದರು. ನಾನು ಕಣ್ಣು ಮಿಟುಕಿಸುವಷ್ಟರಲ್ಲಿ ಗೋಡೆ ಎರಡು ತುಂಡಾಗಿ ಕೈಗೆ ಬಂತು. ಹಸು ನೆಮ್ಮದಿಯಾಗಿ ಮುಂದೆ ಹೋಗಿ, ಗೋಡೆ ಹೋಗಿ ಅಗಲವಾದ ಅಡುಗೆಮನೆಯಲ್ಲಿ ಒಂದು ಸುತ್ತು ತಿರುಗಿ, ಬಂದ ದಾರಿಯಲ್ಲೇ ಹೊರಗೆ ಹೋಯಿತು. ಹಾಲಿಟ್ಟರು. ಪೂರ್ವಕ್ಕೆ ಉಕ್ಕಲಿ ಎಂದು ಅಯ್ಯನವರು ಪಾತ್ರೆಯನ್ನು ಎಷ್ಟು ವಾಲಿಸಲು ನೋಡಿದರೂ ನನ್ನ ಸ್ಟೌ ಮಟ್ಟ ಬಿಡಲಿಲ್ಲ. ಹಾಲು ಸುತ್ತಲೂ ಸಮನಾಗಿ ಉಕ್ಕಿತು. "ಎಲ್ಲಾ ದಿಕ್ಕಿಗೂ ಒಳ್ಳೇದಾಗ್ಲಿ ಬುಡಿ" ಎಂದರು ಅಯ್ಯನವರು. ಅತ್ತೆ ಕಣ್ಣೊರೆಸಿಕೊಂಡು ಅಲ್ಲೇ ಗೋಡೆಗೊರಗಿ ಕೂತರು. ಶಾರದೆ ಪಕ್ಕದಲ್ಲಿ ಕೂತಳು. ಅವಳ ಮುಖ ಅಷ್ಟು ಬೆಳಗಿದ್ದನ್ನು ನಾನು ಮದುವೆಯ ದಿನವೂ ನೋಡಿರಲಿಲ್ಲ.

ಊಟ ಮುಗಿದ ಮೇಲೆ ಖಾದರ್ ಸಾಬರನ್ನು ಮೂಲೆಗೆ ಕರೆದು ಕೇಳಿದೆ. "ಅಲ್ಲಾ ಸಾಬ್ರೇ, ಗೋಡೆಗೆ ಮೊಳೆ ಹೊಡೀರಿ ಅಂತ ನಾನ್ ಹೇಳಿರ್ಲಿಲ್ವೇ?"

"ನೀವ್ ಹೇಳಿದ್ರಿ ಸಾರ್. ಅಮ್ಮಾವ್ರು ಆಮೇಲ್ ಬಂದು, ಮೊಳೆ ಬ್ಯಾಡ, ಸ್ಕ್ರೂ ಹಾಕು ಅಂದ್ರು."

"ಬೇರೆ ಯಾವ್ದಕ್ಕೆಲ್ಲ ಸ್ಕ್ರೂ ಹಾಕಿದೀರಿ?"

"ಎಲ್ಲಾದಕ್ಕೂ ಸಾರ್." ಅವರು ನಗು ತಡೆಯುತ್ತಾ ಟೋಪಿ ಸರಿಮಾಡಿಕೊಂಡರು. "ನೀವ್ ಮಲ್ಕೊಳ್ಳೋ ಬರ್ತ್ ಒಂದ್ ಬುಟ್ಟು. ಅದಕ್ಕೆ ಮಾತ್ರ ಗಟ್ಯಾಗ್ ಮೊಳೆ ಹೊಡಿ, ಅದ್ನ ಯಾರೂ ಬಿಚ್ಬಾರ್ದು, ಅವ್ರು ಮಲ್ಗಿ ಕನ್ಸು ಕಾಣೋ ಜಾಗ ಅದು ಅಂದ್ರು."