ನೆರಿಯೊ ರಗೂ ಬೇಯಿಸಿದ ಭಾನುವಾರ

ನಲವತ್ತೊಂದು ವರ್ಷದ ಸಂಸಾರದಲ್ಲಿ ನೆರಿಯೊ ಹೆಂಡತಿಯ ಅಡುಗೆಯ ಬಗ್ಗೆ ಒಂದು ಕೊಂಕು ಮಾತೂ ಆಡಿದವನಲ್ಲ. ಅವತ್ತೂ ಆಡಬೇಕೆಂದು ಅವನಿಗೆ ಇರಲಿಲ್ಲ. ಭಾನುವಾರದ ಮಧ್ಯಾಹ್ನ, ಮಗ, ಸೊಸೆ, ಮಗಳು, ಅಳಿಯ, ಮೊಮ್ಮಕ್ಕಳು ಎಲ್ಲರೂ ಊಟಕ್ಕೆ ಕೂತಿದ್ದರು. ಕಿಟಕಿಯಾಚೆ ಇಟಲಿಯ ಬೊಲೋನ್ಯಾ ನಗರದ ನವೆಂಬರ್ ಮಂಜು ಬಂದು ಗಾಜಿಗೆ ಕೆನ್ನೆ ಒತ್ತಿ ನಿಂತಿತ್ತು. ನೆರಿಯೊ ಆ ಮಂಜನ್ನೇ ನೋಡುತ್ತ, ಫೋರ್ಕಿಗೆ ರಗೂ ಎಂಬ ಮಾಂಸದ ಗೊಜ್ಜು ಬೆರೆತ ತಲ್ಯಾತೆಲ್ಲೆ ಪಾಸ್ತಾದ ಎಳೆಗಳನ್ನು ಸುತ್ತುತ್ತ, ಎಲ್ಲೋ ತೇಲಿಹೋಗಿದ್ದ. ಮಾತು ಅಲ್ಲಿಂದಲೇ ಜಾರಿ ಬಿತ್ತು.

"ಇವತ್ತು ರಗೂಗೆ ಏನೋ ಒಂಚೂರು ಕಮ್ಮಿ ಆಗಿದೆ, ಅಲ್ವಾ?"

ಮೇಜಿನ ಸುತ್ತ ಎಲ್ಲರ ಫೋರ್ಕುಗಳೂ ನಿಂತವು. ಒಲಿಂಪಿಯಾ ಎದ್ದಳು. ಸೊಂಟದ ಏಪ್ರನ್ ಬಿಚ್ಚಿದಳು. ಅದನ್ನು ನಾಲ್ಕು ಮಡಿಕೆ ಮಡಿಸಿ ಗಂಡನ ತಟ್ಟೆಯ ಪಕ್ಕ ಇಟ್ಟಳು.

"ಮುಂದಿನ ಭಾನುವಾರ ಏನೂ ಕಮ್ಮಿ ಆಗದ ಹಾಗೆ ನೀನೇ ಮಾಡು. ನಾನು ಬೆಳಿಗ್ಗೆ ಚರ್ಚಿಗೆ ಹೋಗಿ, ತಂಗಿ ಮನೆ ನೋಡ್ಕೊಂಡು, ಒಂದು ಗಂಟೆಗೆ ನೆಂಟರ ಹಾಗೆ ಬರ್ತೀನಿ. ಚೆನ್ನಾಗಿ ಆದ್ರೆ ಸರಿ. ಆಗ್ಲಿಲ್ವೋ, ಈ ಮನೇಲಿ ಭಾನುವಾರದ ಊಟ ಅವತ್ತಿಗೇ ಬಂದ್. ಅವರವರ ಮನೇಲಿ ಅವರವರು ಮೊಟ್ಟೆ ಬೇಯಿಸ್ಕೊಂಡು ತಿನ್ಲಿ."

ಅವಳು ತಮಾಷೆಗೆ ಹೇಳಲಿಲ್ಲ ಎಂಬುದು ಎಲ್ಲರಿಗೂ ಗೊತ್ತಿತ್ತು. ವಾರದ ಆರು ದಿನವನ್ನು ನೆರಿಯೊ ಕಳೆಯುತ್ತಿದ್ದದ್ದೇ ಏಳನೆಯ ದಿನದ ಆ ಮೇಜಿಗಾಗಿ.

ಮೂವತ್ತಮೂರು ವರ್ಷ ಅವನು ಊರಿನ ಬಸ್ಸು ಓಡಿಸಿದವನು. ಭಾನುವಾರವೂ ಡ್ಯೂಟಿ. ಒಂದು ಗಂಟೆಗೆ ಮನೆಗೆ ಬಂದರೆ ಮೆಟ್ಟಿಲ ಮೇಲೇ ಮಾಂಸದ ರಗೂವಿನ ಘಮ ಎದುರುಗೊಳ್ಳುತ್ತಿತ್ತು. ನಿವೃತ್ತಿಯಾದ ಮೇಲಾದರೂ ಮನೆಯಲ್ಲಿ ಕೂರೋಣವೆಂದರೆ, "ಗಂಡಸು ಒಲೆ ಹತ್ರ ಸುಳಿದಾಡಿದ್ರೆ ರಗೂ ಒಡೆದುಹೋಗುತ್ತೆ, ಇಸ್ಪೀಟು ಆಡ್ಕೊಂಡು ಬಾ, ಹೋಗು" ಎಂದು ಒಲಿಂಪಿಯಾ ಎಂಟು ಗಂಟೆಗೇ ಹೊರಗೆ ದಬ್ಬುತ್ತಿದ್ದಳು. ಹೀಗಾಗಿ ರಗೂ ಎಂದರೆ ಅವನಿಗೆ ಚಂದ್ರನಿದ್ದ ಹಾಗೆ. ಜೀವಮಾನವಿಡೀ ಕಂಡಿದ್ದ, ಅಲ್ಲಿಗೆ ಹೋಗುವ ದಾರಿ ಗೊತ್ತಿರಲಿಲ್ಲ.

ಆ ಭಾನುವಾರ ಬಂತು. ಮಂಜು ಇನ್ನಷ್ಟು ದಟ್ಟವಾಗಿತ್ತು. ಎದುರು ಸಾಲಿನ ಮನೆಗಳನ್ನು ಯಾರೋ ರಬ್ಬರಿನಿಂದ ಅಳಿಸಿದಂತಿತ್ತು. ಒಲಿಂಪಿಯಾ ಕೋಟು ತೊಟ್ಟು ಹೋದಳು. ನೆರಿಯೊ ಮೊದಲು ತಲ್ಯಾತೆಲ್ಲೆಯ ಹಿಟ್ಟಿಗೆ ಕೈ ಹಾಕಿದ. ಹಿಟ್ಟಿನ ಗುಡ್ಡದ ನಡುವೆ ಗುಳಿ ತೋಡಿ ಎಂಟು ಮೊಟ್ಟೆ ಒಡೆದ. ಒಂದು ಕಡೆ ದಡ ಒಡೆದು ಹಳದಿ ಪ್ರವಾಹ ಮೇಜಿನ ಅಂಚಿಗೆ ಓಡಿತು. ಇಸ್ಪೀಟಿನ ಕಟ್ಟನ್ನು ಅಡ್ಡ ಇಟ್ಟು ತಡೆದ. ಲಟ್ಟಿಸಿದ ಹಾಳೆ ಇಟಲಿಯ ನಕ್ಷೆಯಂತೆ, ಸಿಸಿಲಿಯ ಸಮೇತ, ಉದ್ದಕ್ಕೆ ಬಂತು. ಕತ್ತರಿಸಿದರೆ ಕೆಲವು ಎಳೆ ಶೂ ಲೇಸಿನಷ್ಟು, ಕೆಲವು ಸೊಂಟದ ಬೆಲ್ಟಿನಷ್ಟು. ಅವನ್ನೆಲ್ಲ ಕುರ್ಚಿಗಳ ಬೆನ್ನಿಗೆ ಒಣಹಾಕಿದ.

ಆಮೇಲೆ ಮಣ್ಣಿನ ಮಡಕೆ ಒಲೆಗೇರಿತು. ಈರುಳ್ಳಿ, ಕ್ಯಾರೆಟ್ಟು, ಸೆಲರಿ ಬೆಣ್ಣೆಯಲ್ಲಿ ಬಾಡಿದವು. ಕೊಚ್ಚಿದ ದನದ ಮಾಂಸ ಬಿದ್ದು ಚೊರ್ ಎಂದಿತು. ಘಮ ಬಾಗಿಲ ಸಂದಿಯಿಂದ ಹೊರಗೆ ನುಸುಳಿತು, ನುಸುಳಿದ್ದೇ ತಡ ಕರೆಗಂಟೆ ಮೊಳಗಿತು.

ಕೆಳಮನೆಯ ಗಾವ್ದೆನ್ಸಿಯೊ. ಔಷಧಿ ಅಂಗಡಿ ನಡೆಸಿ ನಿವೃತ್ತನಾದವನು; ಇಡೀ ಕಟ್ಟಡಕ್ಕೆ ಅವನು 'ಡಾಕ್ಟ್ರು'.

"ನೆರಿಯೊ ಅವರೇ, ನೀವೇ ಅಡಿಗೆ ಮಾಡ್ತಿದ್ದೀರಂತೆ! ಬಿಳಿ ವೈನ್ ಹಾಕಿದ್ರಾ? ಎಷ್ಟು ಎಂಎಲ್?"

"ಒಂದು ಲೋಟ, ಡಾಕ್ಟ್ರೇ."

"ಲೋಟ ಅನ್ನೋದು ಅಳತೆ ಅಲ್ಲ ಸ್ವಾಮಿ, ಅದು ಅಭಿಪ್ರಾಯ!" ಎಂದು ಜೇಬಿನಿಂದ ಗಾಜಿನ ಅಳತೆ ಕೊಳವೆ ತೆಗೆದೇಬಿಟ್ಟ.

ಹಿಂದೆಯೇ ಎದುರು ಮನೆಯ ನಿವೃತ್ತ ಶಿಕ್ಷಕಿ ವೇಲಿಯಾ ಒಳಗೆ ಬಂದಳು. ಕೈಯಲ್ಲಿ ಹಾಲಿನ ಪಾತ್ರೆ.

"ಹಾಲು ಹಾಕದಿದ್ರೆ ಮಾಂಸ ಮೆತ್ತಗಾಗಲ್ಲ. ನೆರಿಯೊ, ಪಕ್ಕಕ್ಕೆ ಸರಿ."

"ಹಾಲಾ?" ಡಾಕ್ಟ್ರು ಮಡಕೆಗೆ ಅಡ್ಡ ನಿಂತ. "ಇದೇನು ತೊಟ್ಟಿಲ ಮಗೂನಾ ಟೀಚರಮ್ಮ, ಹಾಲು ಕುಡಿಸೋಕೆ?"

"ನಮ್ಮಜ್ಜಿ ಹಾಕ್ತಿದ್ರು!"

"ನಿಮ್ಮಜ್ಜಿ ಫೆರಾರಾ ಊರಿನವರು. ಅಲ್ಲಿಯವರು ಪಾಸ್ತಾದೊಳಗೆ ಕುಂಬಳಕಾಯೀನೂ ತುಂಬ್ತಾರೆ!"

ವೇಲಿಯಾ ಹಾಲು ಸುರಿಯಲು ನೋಡಿದಳು, ಡಾಕ್ಟ್ರು ಅವಳ ಮೊಣಕೈ ಹಿಡಿದ, ಅರ್ಧ ಮಡಕೆಗೆ, ಅರ್ಧ ಅವನ ಚಪ್ಪಲಿಗೆ ಬಿತ್ತು. ಯಾರಿಗೂ ಇಲ್ಲ ಎನ್ನಲು ಬಾರದ ನೆರಿಯೊ ಇಬ್ಬರಿಗೂ "ಹೌದು, ಹೌದು" ಎನ್ನುತ್ತಿದ್ದ. ಕಡೆಗೆ, "ನಡೀರಿ, ಕಸಾಯಿಯವನನ್ನೇ ಕೇಳೋಣ! ಅವನು ಹೇಳಿದ್ದೇ ಕೊನೆ ಮಾತು!" ಎಂದು ಇಬ್ಬರೂ ಮೆಟ್ಟಿಲಿಳಿದರು. ಮೂರು ಮಹಡಿ ಕೆಳಗಿಳಿಯುವವರೆಗೂ ಫೆರಾರಾ, ಫೆರಾರಾ ಎಂಬ ಕೂಗು ಕೇಳುತ್ತಲೇ ಇತ್ತು.

ಆಮೇಲೆ ಮನೆ ಶಾಂತವಾಯಿತು. ನೆರಿಯೊ ಉರಿ ಸಣ್ಣಗೆ ಮಾಡಿದ. ಇಲ್ಲ, ಸಣ್ಣಗೆ ಮಾಡಿದೆನೆಂದುಕೊಂಡ. ಕಿಟಕಿಯ ಪಕ್ಕ ಕುರ್ಚಿ ಎಳೆದುಕೊಂಡು ಕೂತ. ಮಡಕೆ ಗುಳು, ಗುಳು, ಗುಳು ಎನ್ನುತ್ತಿತ್ತು. ಹಳೆಯ ಬಸ್ಸಿನ ಎಂಜಿನ್ನು ಚಳಿಗಾಲದ ಬೆಳಿಗ್ಗೆ ಹೀಗೆಯೇ ಗೊಣಗುತ್ತಿತ್ತು. ಒಳಗಿನ ಆವಿ, ಹೊರಗಿನ ಮಂಜು, ನಡುವಿನ ಗಾಜು ಇದೆಯೋ ಇಲ್ಲವೋ ತಿಳಿಯದಾಯಿತು. ನೆರಿಯೊನ ಕೈ ಸ್ಟೀರಿಂಗ್ ಮೇಲಿತ್ತು. ಬಸ್ಸು ಬೆಚ್ಚನೆಯ ಕಂದು ಮಂಜಿನಲ್ಲಿ ಸದ್ದಿಲ್ಲದೆ ಸಾಗುತ್ತಿತ್ತು. ಒಂದೊಂದೇ ಸ್ಟಾಪಿನಲ್ಲಿ ಜನ ಹತ್ತಿದರು: ಮೊದಲು ಮೊಮ್ಮಕ್ಕಳು, ಆಮೇಲೆ ಮದುವೆಯಾದ ಹೊಸತರ ಒಲಿಂಪಿಯಾ, ನೀಲಿ ಟೋಪಿ ತೊಟ್ಟು. ಅವನ ತಾಯಿ ಲಟ್ಟಣಿಗೆಯನ್ನು ಕೊಡೆಯಂತೆ ಕಂಕುಳಲ್ಲಿ ಇಟ್ಟುಕೊಂಡು ಹತ್ತಿದಳು. ಅವಳು ತೀರಿಕೊಂಡು ಇಪ್ಪತ್ತು ವರ್ಷವಾಗಿತ್ತು, ಆದರೂ ಟಿಕೆಟ್ ಸರಿಯಾಗಿಯೇ ಇತ್ತು. ಯಾರೂ ಎಲ್ಲಿಗೆ ಎಂದು ಕೇಳಲಿಲ್ಲ. ಎಲ್ಲರಿಗೂ ಸೀಟಿತ್ತು. ಇದು ಇಳಿಯಬೇಕಾದ ಸ್ಟಾಪೇ ಇಲ್ಲದ ಬಸ್ಸು ಎಂದು ನೆರಿಯೊಗೆ ಎಷ್ಟು ಹಿತವಾಯಿತೆಂದರೆ ಕಣ್ಣು ತುಂಬಿ ಬಂತು.

"ನೆರಿಯೊ," ತಾಯಿ ಭುಜ ಮುಟ್ಟಿದಳು, "ಬಸ್ಸು ಹೊಗೆ ಬಿಡ್ತಿದೆ ಕಣೋ."

ಕಣ್ಣು ಬಿಟ್ಟರೆ ಅಡುಗೆಮನೆ ಕಾಣಲಿಲ್ಲ. ಮಡಕೆಯ ದಿಕ್ಕಿನಿಂದ ಕಪ್ಪು ಹೊಗೆ. ಮುಚ್ಚಳ ತೆಗೆದ: ತಳದಲ್ಲಿ ರಸ್ತೆಗೆ ಹಾಕುವ ಡಾಂಬರು. ಮೇಲಿನದನ್ನಾದರೂ ಉಳಿಸೋಣವೆಂದು ಒಂದು ಚಮಚ ಬಾಯಿಗಿಟ್ಟ. ಡಾಂಬರಿಗೂ ಆ ರುಚಿ ಇರಲಾರದು. ಗಡಿಯಾರ ಹನ್ನೆರಡೂಕಾಲು ತೋರಿಸುತ್ತಿತ್ತು.

ಡಾಕ್ಟ್ರೋ ಟೀಚರಮ್ಮನೋ ನೋಡಿದರೆ ಸಂಜೆಯೊಳಗೆ ಇಡೀ ಬೀದಿಗೆ ಸುದ್ದಿ. ಕೆಳಗೆ ಹೋಗುವಂತಿಲ್ಲ. ಮಾಳಿಗೆಯಲ್ಲಿ ಬಚ್ಚಿಡೋಣವೆಂದು ನೆರಿಯೊ ಮಡಕೆಯನ್ನು ಟವೆಲಿನಲ್ಲಿ ಸುತ್ತಿ, ಹಸುಗೂಸನ್ನು ಎತ್ತಿಕೊಂಡವನಂತೆ, ತುದಿಗಾಲಲ್ಲಿ ಮೇಲಕ್ಕೆ ಹತ್ತಿದ. ನಾಲ್ಕನೇ ಮಹಡಿಯಲ್ಲಿ ಬಾಗಿಲು ತೆರೆಯಿತು. ಚೆಸಿರಾ ನಿಂತಿದ್ದಳು. ಎಪ್ಪತ್ತೈದರ ವಿಧವೆ, ಮೇಲಿನ ಮನೆಗಳನ್ನು ಬಾಡಿಗೆಯ ಹುಡುಗರಿಗೆ ಕೊಟ್ಟು, ಅವರ ಊಟ ಬಟ್ಟೆಗಳನ್ನೂ ನೋಡಿಕೊಳ್ಳುತ್ತಿದ್ದವಳು, ಯಾರ ಗೊಡವೆಗೂ ಹೋಗದವಳು.

ಅವಳು ಮೂಗರಳಿಸಿದಳು. ಮಡಕೆ ನೋಡಿದಳು. ನೆರಿಯೊನ ಹುಬ್ಬಿನ ಮೇಲಿನ ಮಸಿ ನೋಡಿದಳು.

"ಒಳಗೆ ಬನ್ನಿ. ಕಾಲು ಒರೆಸ್ಕೊಳ್ಳಿ."

"ಚೆಸಿರಾ ಅವರೇ, ನಿಮ್ಮ ದಮ್ಮಯ್ಯ ಅಂತೀನಿ, ಒಲಿಂಪಿಯಾಗೆ ಮಾತ್ರ..."

"ನಾನ್ಯಾಕೆ ಹೇಳ್ಲಿ?" ಅವಳ ಒಲೆಯ ಮೇಲೆ ದೊಡ್ಡ ಮಡಕೆ ನಿಧಾನಕ್ಕೆ ಉಸಿರಾಡುತ್ತಿತ್ತು. ಅವನ ಸುಟ್ಟ ಮಡಕೆಯನ್ನು ತೆಗೆದು ಮೂಲೆಗಿಟ್ಟು, ಎರಡು ಬಟ್ಟೆಯಿಂದ ತನ್ನ ಮಡಕೆಯನ್ನು ಹಿಡಿದೆತ್ತಿ ಅವನ ಕೈಗೆ ಕೊಟ್ಟಳು. "ತಗೊಳ್ಳಿ. ಹತ್ತು ಜನಕ್ಕೆ ಸಾಕಾಗುತ್ತೆ. ಅಲ್ಲಾಡಿಸ್ಬೇಡಿ."

ಕೇಳದೆಯೇ ವರ ಸಿಕ್ಕಿತ್ತು. ಹತ್ತು ಜನವೆಂದು ಇವಳಿಗೆ ಹೇಗೆ ಗೊತ್ತು ಎಂದು ಯೋಚಿಸುವಷ್ಟು ಬುದ್ಧಿ ಆ ಹೊತ್ತಿನಲ್ಲಿ ನೆರಿಯೊಗೆ ಇರಲಿಲ್ಲ.

ಒಂದು ಗಂಟೆಗೆ ಎಲ್ಲರೂ ಬಂದರು. ಒಲಿಂಪಿಯಾ ಕೋಟು ಬಿಚ್ಚದೆಯೇ, ನೆಂಟರ ಹಾಗೆ, ಮೇಜಿನ ತುದಿಯಲ್ಲಿ ಕೂತಳು. ತಲ್ಯಾತೆಲ್ಲೆ ಬಡಿಸಿದಾಗ ನಗೆಯೆದ್ದಿತು, ಮೊಮ್ಮಗಳು ಬೆಲ್ಟಿನಂಥ ಒಂದು ಎಳೆಯನ್ನು ಎತ್ತಿ, "ತಾತ, ಇದನ್ನ ತಿನ್ನೋದಾ, ಕಟ್ಕೊಳ್ಳೋದಾ?" ಎಂದಳು. ಆಮೇಲೆ ರಗೂ ಬಾಯಿಗೆ ಹೋಯಿತು. ನಗೆ ನಿಂತಿತು. ತಟ್ಟೆಗಳ ಸದ್ದಷ್ಟೇ ಉಳಿಯಿತು.

"ಅಪ್ಪಾ!" ಮಗ ಲೊರಿಸ್ ಎದ್ದೇ ನಿಂತ. "ಇದು ಥೇಟ್ ಅಮ್ಮನ ರಗೂ!"

"ಒಂಚೂರೂ ವ್ಯತ್ಯಾಸ ಇಲ್ಲ ಮಾವ," ಎಂದಳು ಸೊಸೆ. "ಎಲ್ಲಿ ಕಲಿತ್ರಿ?"

"ಸುಮ್ನೆ... ವಾಸನೆ ಹಿಡ್ಕೊಂಡು," ಎಂದ ನೆರಿಯೊ. ಅವನು ನೆಲದಿಂದ ಒಂದು ಗೇಣು ಮೇಲೆ ತೇಲುತ್ತಿದ್ದ.

ಒಲಿಂಪಿಯಾ ಎರಡನೆಯ ತುತ್ತು ತಿನ್ನಲಿಲ್ಲ. ಫೋರ್ಕು ಕೆಳಗಿಟ್ಟಳು. ಗಂಡನನ್ನು ನೋಡಿದಳು. "ಸ್ವಲ್ಪ ಒಳಗೆ ಬಾ," ಎಂದಳು.

ಅಡುಗೆಮನೆಯ ಬಾಗಿಲು ಮುಚ್ಚಿತು.

"ನಾಲ್ಕನೇ ಮಹಡಿಗೆ ಹೋಗಿದ್ಯಾ?"

ನೆರಿಯೊ ನೆಲಕ್ಕಿಳಿದ. "ಸುಟ್ಟುಹೋಯ್ತು, ಒಲಿಂಪಿಯಾ. ಕಣ್ಣು ಹತ್ತಿಬಿಡ್ತು. ಊಟ ನಿಲ್ಲಿಸ್ಬೇಡ. ಮಕ್ಕಳು ಬರೋದು ತಪ್ಪಿಸ್ಬೇಡ. ಆದ್ರೆ... ಒಂದೇ ತುತ್ತಲ್ಲಿ ನಿಂಗೆ ಹೇಗೆ ಗೊತ್ತಾಯ್ತು, ಚೆಸಿರಾದು ಅಂತ?"

ಒಲಿಂಪಿಯಾ ಸ್ಟೂಲಿನ ಮೇಲೆ ಕೂತಳು. ಕೋಟಿನ ಗುಂಡಿಯನ್ನು ಸ್ವಲ್ಪ ಹೊತ್ತು ತಿರುವಿದಳು.

"ಮದುವೆ ಆದ ಮೊದಲ್ನೇ ಭಾನುವಾರ ನಾನೂ ಸುಟ್ಟೆ. ನೀನು ಬರೋಕೆ ಅರ್ಧ ಗಂಟೆ ಇತ್ತು. ಅಳ್ತಾ ಮೆಟ್ಟಿಲ ಮೇಲೆ ಕೂತಿದ್ದೆ, ಅವಳು ಒಂದು ಮಡಕೆ ಕೊಟ್ಳು. ನೀನು ತಿಂದು, ದೇವಲೋಕದಲ್ಲೂ ಹೀಗೆ ಮಾಡಲ್ಲ ಅಂದೆ. ಅಂದ್ಮೇಲೆ ನಾನು ಮುಂದಿನ ವಾರ ಇನ್ನೇನು ಮಾಡ್ಲಿ?"

ನಲವತ್ತೊಂದು ವರ್ಷದ ಭಾನುವಾರಗಳೆಲ್ಲ ಒಂದರ ಹಿಂದೊಂದು ಮೆಟ್ಟಿಲಿಳಿದು ಬರುತ್ತಿರುವುದು ನೆರಿಯೊಗೆ ಕಂಡಿತು, ಪ್ರತಿಯೊಂದರ ಕೈಯಲ್ಲೂ ಒಂದು ಮಡಕೆ. ಆಶ್ಚರ್ಯವೆಂದರೆ ಅವನಿಗೆ ಸಿಟ್ಟು ಬರಲಿಲ್ಲ. ಹೆಂಡತಿ ಇದ್ದಕ್ಕಿದ್ದಂತೆ ನೀಲಿ ಟೋಪಿಯ ಹುಡುಗಿಯಂತೆ ಕಂಡಳು. ಇಬ್ಬರೂ ಬಾಯಿಗೆ ಕೈ ಅಡ್ಡ ಹಿಡಿದು, ಮಕ್ಕಳಿಗೆ ಕೇಳಿಸದ ಹಾಗೆ, ಕಣ್ಣೀರು ಬರುವವರೆಗೂ ನಕ್ಕರು. ಎಲ್ಲ ಸಲೀಸಾಗಿ ಮುಗಿಯಿತಲ್ಲ ಎಂದು ನೆರಿಯೊ ನಿಟ್ಟುಸಿರು ಬಿಟ್ಟ.

ಆಚೆಯಿಂದ ಲೊರಿಸ್ ಕೂಗಿದ: "ಎಲ್ಲರೂ ಸೇರಿ ತೀರ್ಮಾನ ಮಾಡಿದ್ದೀವಿ! ಇನ್ಮೇಲೆ ಅಮ್ಮಂಗೆ ರೆಸ್ಟು. ಪ್ರತಿ ಭಾನುವಾರ ರಗೂ ಅಪ್ಪಂದೇ!"

ಅದೇ ಹೊತ್ತಿಗೆ ಕರೆಗಂಟೆಯಾಯಿತು. ಗಂಡ ಹೆಂಡತಿ ಹೋಗಿ ಹೊರಬಾಗಿಲು ತೆರೆದರೆ ಚೆಸಿರಾ. ಎರಡೂ ಕೈಯಲ್ಲಿ ಎರಡು ದೊಡ್ಡ ಬುಟ್ಟಿ; ತುಂಬ ಹಾಸಿಗೆ ಹೊದಿಕೆ, ದಿಂಬಿನ ಚೀಲ, ಬಾಡಿಗೆ ಹುಡುಗರ ಅಂಗಿಗಳು.

"ರಗೂ ಸುಮ್ನೆ ಬರುತ್ತೆ ಅಂದ್ಕೊಂಡ್ಯಾ?" ಒಲಿಂಪಿಯಾ ಗಂಡನ ಕಿವಿಯಲ್ಲಿ ಉಸುರಿದಳು. "ವಾರ ವಾರ ಇದಿಷ್ಟಕ್ಕೂ ಇಸ್ತ್ರಿ ಮಾಡಿದ್ದೀನಿ. ಬುಧವಾರದೊಳಗೆ ಕೊಡ್ಬೇಕು."

ಎರಡೇ ಜನರ ಮನೆಯಲ್ಲಿ ಇಷ್ಟೊಂದು ಬಟ್ಟೆ ಎಲ್ಲಿಂದ ಬರುತ್ತದೆಂದು ನೆರಿಯೊ ಒಂದು ದಿನವೂ ಕೇಳಿರಲಿಲ್ಲ.

ಚೆಸಿರಾ ಒಲಿಂಪಿಯಾಳ ಕೈಗೆ ಬುಟ್ಟಿ ಕೊಡಲು ಹೋದವಳು ತಡೆದು ನಿಂತಳು. ಒಳಗಿನ ಕೂಗು ಅವಳಿಗೂ ಕೇಳಿಸಿತ್ತು. ಅರ್ಧ ಸುತ್ತು ತಿರುಗಿ, ಎರಡೂ ಬುಟ್ಟಿಗಳನ್ನು ನೆರಿಯೊನ ತೋಳಿಗೆ ಸರಿಯಾಗಿ ಸಿಕ್ಕಿಸಿದಳು.

"ಅಂಗಿ ಕಾಲರಿಗೆ ಗಂಜಿ ಹಾಕಿ," ಎಂದಳು. "ಒಲಿಂಪಿಯಾ ಹಾಕ್ತಿದ್ಳು."