ಮನೆ ಮಾರಾಟಕ್ಕಿದೆ, ದೋಷಗಳ ಸಮೇತ

ಪೀಠೋಪಕರಣದ ಅಂಗಡಿಯಲ್ಲಿ ಸೇಲ್ಸ್‌ಮನ್ ಆಗಿದ್ದರೂ ಅವನಿಗೆ ಮಾರುವುದೊಂದು ಬರುತ್ತಿರಲಿಲ್ಲ. ಯಾವ ಮಂಚ ಯಾವ ಮಗ್ಗುಲಿಗೆ ಕಿರುಗುಟ್ಟುತ್ತದೆಂದು ಗಿರಾಕಿ ಕೇಳುವ ಮೊದಲೇ ಹೇಳಿಬಿಡುತ್ತಿದ್ದ. ಗಿರಾಕಿಗಳು ಕೈಮುಗಿದು ಪಕ್ಕದ ಅಂಗಡಿಗೆ ಹೋಗುತ್ತಿದ್ದರು. ಹೀಗಾಗಿ ಕಮಿಷನ್ ಇಲ್ಲ, ಕಮಿಷನ್ ಇಲ್ಲದ ಮೇಲೆ ಮನೆಸಾಲದ ಕಂತೂ ಇಲ್ಲ. ಕೊನೆಗೊಂದು ಬೆಳಿಗ್ಗೆ ಬ್ಯಾಂಕಿನ ಅಧಿಕಾರಿ ಬಂದು ಅವನ ಸೋಫಾದಲ್ಲಿ ಕೂತ. (ಎಡಗಡೆ ಸ್ಪ್ರಿಂಗ್ ಚುಚ್ಚುತ್ತದೆಂದು ಅವನಿಗೂ ಮೊದಲೇ ತಿಳಿಸಲಾಗಿತ್ತು.)

"ಮನೇನ ಮಾರಾಟಕ್ಕೆ ಹಾಕಿದ್ದೀವಿ. ಸಾಲ ತೀರುವಷ್ಟು ಬೆಲೆ ಕೊಡೋರು ಈ ತಿಂಗಳೊಳಗೆ ಸಿಕ್ಕರೆ ಮನೆ ಅವರದು. ಯಾರೂ ಸಿಗದಿದ್ದರೆ ನೀವು ಸರ್ಕಾರದ ಸಾಲ ಪರಿಹಾರಕ್ಕೆ ಅರ್ಹರು. ಬಾಕಿ ಮನ್ನಾ, ಮನೆ ನಿಮಗೇ. ಆದರೆ ನೋಡೋಕೆ ಬಂದೋರನ್ನ ಸುಳ್ಳು ಹೇಳಿ ಓಡಿಸೋ ಹಾಗಿಲ್ಲ."

"ಇವರಿಗೆ ಸುಳ್ಳು ಹೇಳೋಕೆ ಬರಲ್ಲ ಸಾರ್," ಎಂದಳು ಹೆಂಡತಿ. "ಬಂದಿದ್ರೆ ನೀವು ಯಾಕೆ ಬರ್ತಿದ್ರಿ?"

ಅಧಿಕಾರಿ ಗೇಟು ದಾಟಿದ್ದೇ ತಡ, ಗಂಡ ಹಾಲಿನಲ್ಲಿ ಶತಪಥ ಹಾಕತೊಡಗಿದ.

"ಕೂತ್ಕೊಳ್ರೀ, ನೆಲ ಸವೆಯುತ್ತೆ."

"ಯಾರಾದ್ರೂ ಕೊಂಡ್ಕೊಂಡ್ರೆ ನಮ್ಮ ಗತಿ ಏನೇ?"

"ಇಷ್ಟು ವರ್ಷದಲ್ಲಿ ಒಂದು ಸ್ಟೂಲ್ ಮಾರಿದೋರಲ್ಲ, ಮನೆ ಮಾರ್ತೀರಾ? ಅಂಗಡೀಲಿ ಮಾತಾಡೋ ಹಾಗೇ ಮಾತಾಡಿ, ಸಾಕು. ನಿಮ್ಮ ಅರ್ಹತೆ ಏನು ಅಂತ ಮದುವೆಯಾದಾಗಿಂದ ಹುಡುಕ್ತಿದ್ದೆ. ಇವತ್ತು ಸಿಕ್ತು ನೋಡಿ."

ಅವಳ ಲೆಕ್ಕ ತಪ್ಪಲಿಲ್ಲ. ಗುತ್ತಿಗೆದಾರನೊಬ್ಬ ಬಚ್ಚಲ ಗೋಡೆಯ ತೇವದ ಸವಿಸ್ತಾರ ವರ್ಣನೆ ಕೇಳಿ ಅಲ್ಲಿಂದಲೇ ಕಾಲ್ಕಿತ್ತ. ಹೊಸದಾಗಿ ಮದುವೆಯಾದ ಜೋಡಿಯೊಂದು ಗೇಟಿನಲ್ಲೇ ಅವನ ಮಾತು ಕೇಳಿ ಒಳಗೂ ಬರಲಿಲ್ಲ. ಆದರೂ ಗೇಟು ಸದ್ದಾದಾಗಲೆಲ್ಲ ಅವನು ಕಿಟಕಿಗೆ ಓಡುತ್ತಿದ್ದ. ತಿಂಗಳ ಕೊನೆಯ ದಿನ ಅಧಿಕಾರಿ ಮತ್ತೆ ಬಂದ. ಜೊತೆಗೆ ನಿವೃತ್ತ ನರ್ಸಮ್ಮ.

"ಹುಷಾರು ಅಮ್ಮಾ, ಆ ಮೂರನೇ ಮೆಟ್ಟಿಲು ಅಲ್ಲಾಡುತ್ತೆ," ಎಂದು ಅವನು ಬಾಗಿಲಲ್ಲೇ ಆರಂಭಿಸಿದ. "ಅದನ್ನ ದಾಟಿ ಕಾಲಿಡಬೇಕು. ನಮ್ಮ ಮಗಳು ಗಂಡನ ಮನೇಲೂ ಮೂರನೇ ಮೆಟ್ಟಿಲು ತುಳಿಯಲ್ಲ."

ನರ್ಸಮ್ಮ ನಕ್ಕರು. ಹೆಂಡತಿ ಕೆಮ್ಮಿದಳು.

"ಬಚ್ಚಲ ಬಾಗಿಲನ್ನ ಎತ್ತಿ ತಳ್ಳಬೇಕು. ಸಿಟ್ಟು ಬಂದಾಗ ಇವಳು ಎತ್ತದೇ ತಳ್ತಾಳೆ. ಆ ಸದ್ದು ಕೇಳಿದ ದಿನ ನಾನು ಮಾತಾಡೋಕೆ ಹೋಗಲ್ಲ."

ಹೆಂಡತಿ ಚಿವುಟಿದಳು. ಅವನು ನಿಲ್ಲಲಿಲ್ಲ.

"ಅಡುಗೆಮನೆ ಕಿಟಕಿ ಪೂರ್ತಿ ಮುಚ್ಚಲ್ಲ. ಪಕ್ಕದ ಮನೆ ಜಗಳ ನಮಗೆ ಕೇಳುತ್ತೆ, ನಮ್ಮದು ಅವರಿಗೆ. ಅದಕ್ಕೇ ಇಬ್ಬರೂ ಬೇಗ ಮುಗಿಸ್ತೀವಿ."

ನರ್ಸಮ್ಮ ಕನ್ನಡಕ ತೆಗೆದು ಸೆರಗಿನಿಂದ ಒರೆಸಿಕೊಂಡರು. "ಎಷ್ಟೋ ಮನೆ ನೋಡಿದೆ. ಎಲ್ಲರೂ ಗೋಡೆ ತೋರಿಸಿದ್ರು. ಬದುಕಿದ ಮನೆ ತೋರಿಸಿದೋರು ನೀವೊಬ್ಬರೇ. ಬ್ಯಾಂಕ್ ಹೇಳಿದ ಬೆಲೆಗೇ ತಗೋತೀನಿ."

"ಕ್ಷಮಿಸಿ," ಎಂದ ಅಧಿಕಾರಿ, "ಇನ್ನು ನೀವು ಪರಿಹಾರಕ್ಕೆ ಅನರ್ಹರು."

ಹೆಂಡತಿ ಸೋಫಾದ ಮೇಲೆ ಕುಸಿದಳು. ಎಡಗಡೆಗೇ ಕುಸಿದಿದ್ದಳು, ಸ್ಪ್ರಿಂಗ್ ಚುಚ್ಚಿದ್ದೂ ಗೊತ್ತಾಗಲಿಲ್ಲ. "ಮಾರಿದ್ರಲ್ರೀ... ಕೊನೆಗೂ ಏನೋ ಒಂದು ಮಾರಿದ್ರಲ್ಲ!"

"ಮಹಡಿ ತೋರಿಸಲೇ ಇಲ್ಲ," ಎಂದರು ನರ್ಸಮ್ಮ.

"ಒಂದು ರೂಮಿದೆ ಅಮ್ಮಾ. ಅದರ ಬಗ್ಗೆ ಹೇಳೋಕೇನೂ ಇರಲಿಲ್ಲ."

"ನನ್ನ ಮಂಡಿಗೆ ಮಹಡಿ ಆಗಿಬರಲ್ಲ. ನೀವಿಬ್ಬರೂ ಅಲ್ಲೇ ಬಾಡಿಗೆಗಿರಿ. ಬಾಗಿಲು ಎತ್ತಿ ತಳ್ಳೋದನ್ನ ಕಲಿಸೋಕೆ ನನಗೂ ಯಾರಾದ್ರೂ ಬೇಕಲ್ಲ. ರೂಮಿನ ದೋಷ ಏನೇನಿದೆ ಹೇಳಿ. ಅದನ್ನ ನೋಡ್ಕೊಂಡು ಬಾಡಿಗೆ ಇಳಿಸೋಣ."

ಹೆಂಡತಿ ಧಡಕ್ಕನೆ ಎದ್ದು ನಿಂತಳು. ಈಗ ಮಾತಾಡಿ ಎಂದು ಕಣ್ಣಲ್ಲೇ ಅಪ್ಪಣೆಯಾಯಿತು. ಅವನು ಹಾಲಿನ ಆ ತುದಿಯಿಂದ ಈ ತುದಿಗೆ ನಡೆದ. ತಲೆಯೆತ್ತಿ ಛಾವಣಿ ನೋಡಿದ. ಬೆವರಿದ. ಒಂದೇ ಒಂದು ದೋಷಕ್ಕಾಗಿ ಮನಸ್ಸಿನಲ್ಲೇ ರೂಮಿನ ಮೂಲೆಮೂಲೆ ಜಾಲಾಡಿದ.

"ಸೋರಲ್ಲ," ಎಂದ ತಪ್ಪಿತಸ್ಥನಂತೆ. "ಗಾಳಿ ಚೆನ್ನಾಗಿ ಬರುತ್ತೆ. ಕಿಟಕಿ... ಮುಚ್ಚುತ್ತೆ."

"ಹೌದಾ?" ನರ್ಸಮ್ಮ ಕನ್ನಡಕ ಏರಿಸಿಕೊಂಡರು. "ಹಾಗಾದ್ರೆ ಬಾಡಿಗೆ ಸ್ವಲ್ಪ ಜಾಸ್ತೀನೇ ಆಗುತ್ತೆ."

ಅವನು ತಿರುಗಿ ನೋಡಿದ. ಹೆಂಡತಿ ಅಲ್ಲಿರಲಿಲ್ಲ. ಒಳಗಡೆ, ಬಚ್ಚಲ ಬಾಗಿಲನ್ನು ಎತ್ತದೆಯೇ ತಳ್ಳಿದ ಸದ್ದು ಕೇಳಿಸಿತು.